ನರಸಮ್ಮನ ದೇನಪ್ಪ

ಈ ಸಭೆಯ ಅಧ್ಯಕ್ಷತೆ ವಹಿಸಿರುವ ಶ್ರೀ ಚಂದ್ರಶೇಖರ್ ಅವರೇ, ಈಗ ತಾನೇ ಭಾವಚಿತ್ರದ ಮೇಲಿನ ಪರದೆ ಸರಿಸಿದ ಮುಖ್ಯ ಅತಿಥಿಗಳಾದ ಡಾಕ್ಟರ್ ಜ್ಯೋತ್ಸ್ನಾ ಅವರೇ, ನಿವೃತ್ತ ಗಣಿ ಕಾರ್ಮಿಕರ ಸಂಘದ ಹಿರಿಯರೇ, ಊರಿಗಾಂನಿಂದ, ನಂದಿದುರ್ಗದಿಂದ, ಆಂಡರ್ಸನ್‌ಪೇಟೆಯಿಂದ ಬಿಸಿಲಿನಲ್ಲಿ ನಡೆದು ಬಂದಿರುವ ಸಭಿಕರೇ, ಮತ್ತು ಫ್ಯಾನ್ ಇರುವ ಜಾಗ ನೋಡಿ ಹಿಂದಿನ ಸಾಲು ಹಿಡಿದು ಕೂತಿರುವ ನನ್ನ ಹಳೆಯ ವಿದ್ಯಾರ್ಥಿಗಳೇ,

ನನ್ನ ಹೆಸರು ಮುನೀಂದ್ರ. ಬಂಗಾರಪೇಟೆಯಲ್ಲಿ ಇಂಗ್ಲಿಷ್ ಮೇಷ್ಟ್ರಾಗಿದ್ದವನು. ನಿಮ್ಮಲ್ಲಿ ಅರ್ಧ ಜನರ ಇಂಗ್ಲಿಷು ಹೀಗಿರುವುದಕ್ಕೆ ನಾನೇ ಕಾರಣ. ಸಂಘದವರು ಮನೆಗೆ ಬಂದು, "ಮೇಷ್ಟ್ರೇ, ದಿವಂಗತ ಡೆನಿಸ್ ಪೆಂಗೆಲ್ಲಿ ಸಾಹೇಬರ ಬಗ್ಗೆ ಗೊತ್ತಿರೋರು ನೀವೊಬ್ಬರೇ ಉಳಿದಿರೋದು. ಅವರ ಜೀವನ, ಸಾಧನೆ ಕುರಿತು ನಾಲ್ಕು ಮಾತಾಡಿ" ಎಂದರು. ಒಪ್ಪಿಕೊಂಡೆ. ಒಪ್ಪಿದ ಮೇಲೆ ಗೊತ್ತಾಯಿತು, ಜೀವನ ಹೇಳಬಹುದು, ಸಾಧನೆಯ ಹತ್ತಿರ ಬಂದಾಗ ಏನು ಹೇಳಲಿ?

ನನ್ನ ಬೆನ್ನ ಹಿಂದಿನ ಬ್ಯಾನರ್ ಓದಿದ್ದೀರಿ. "ಖ್ಯಾತ ಉದ್ಯಮಿ, ಬ್ರಿಟನ್ ಸಂಸತ್ತಿನ ಮಾಜಿ ಸದಸ್ಯ, ಕೆ.ಜಿ.ಎಫ್.ನ ಹೆಮ್ಮೆಯ ಪುತ್ರ." ಮೊದಲನೆಯದು ನಿಜ. ಎರಡನೆಯದೂ ನಿಜ. ಮೂರನೆಯದನ್ನು ಸ್ವಲ್ಪ ವಿಚಾರಿಸಬೇಕಾಗುತ್ತದೆ. ಪುತ್ರ ಎಂದ ಮೇಲೆ ಯಾರ ಪುತ್ರ ಎಂಬ ಪ್ರಶ್ನೆ ಬರುತ್ತದಲ್ಲವೇ?

ಡೆನಿಸ್ ಅವರ ತಂದೆ ಊರಿಗಾಂ ಚಿನ್ನದ ಗಣಿಯಲ್ಲಿ ಎಂಜಿನಿಯರ್. ನೆಲದಡಿಯ ನೀರನ್ನು ಪಂಪು ಹಚ್ಚಿ ಮೇಲಕ್ಕೆ ಎತ್ತಿಸುವುದು ಅವರ ಕೆಲಸ. ಸ್ವಾತಂತ್ರ್ಯ ಬರುವುದಕ್ಕೆ ಸ್ವಲ್ಪ ಮುಂಚೆ ಆ ಬಂಗಲೆಯಲ್ಲಿ ಮಗು ಹುಟ್ಟಿತು. ತಾಯಿಗೆ ಬಾಣಂತಿ ಜ್ವರ. ಎದೆಯಲ್ಲಿ ಹಾಲಿಲ್ಲ. ಹಾಲೂಡಿಸುವ ಹೆಂಗಸು ಬೇಕು ಎಂದು ಬಂಗಲೆಯ ಬಟ್ಲರ್ ಹಳ್ಳಿ ಹಳ್ಳಿ ವಿಚಾರಿಸಿಕೊಂಡು ಬಂದ. ಬಂಗಾರಪೇಟೆಯ ಪಕ್ಕದ ನಮ್ಮ ಹಳ್ಳಿಯಲ್ಲಿ ನರಸಮ್ಮ ಎಂಬ ಹೆಂಗಸು ಹೆತ್ತು ಮೂರು ವಾರವಾಗಿತ್ತು. ಗಂಡ ತೀರಿಕೊಂಡಿದ್ದ. ಬಟ್ಲರ್ ಅವಳನ್ನು ಗಾಡಿಯಲ್ಲಿ ಕೂರಿಸಿಕೊಂಡು ಹೋದ. ಬಂಗಲೆಗೆ ಎರಡು ಕೂಸು ಬೇಡ ಎಂದಿದ್ದರಂತೆ. ಹಾಗಾಗಿ ಅವಳ ಕೂಸು ಅತ್ತೆಯ ಹತ್ತಿರ ಉಳಿಯಿತು.

ಆ ಕೂಸು ನಾನು.

ಇದನ್ನು ದೂರಿಗೆಂದು ಹೇಳುತ್ತಿಲ್ಲ. ಪರಿಚಯಕ್ಕೆಂದು ಹೇಳುತ್ತಿದ್ದೇನೆ. ನಾನು ಹಸುವಿನ ಹಾಲು ಕುಡಿದು ಬೆಳೆದೆ, ಚೆನ್ನಾಗಿಯೇ ಬೆಳೆದೆ, ನೋಡುತ್ತಿದ್ದೀರಲ್ಲ. ಅಜ್ಜಿ ಮನೆಯಲ್ಲಿ ತೆಲುಗು ಮಾತು. ಅವ್ವ ಕನ್ನಡದ ಕಡೆಯವಳು. ನಾನು ಅಜ್ಜಿಯ ತೆಲುಗು ಕಲಿತೆ. ಅವ್ವನ ಕನ್ನಡ ಡೆನಿಸ್‌ಗೆ ಹೋಯಿತು. ಬಂಗಲೆಯಲ್ಲಿ ಅವಳು ಅವನನ್ನು ದೇನಪ್ಪ ಎಂದು ಕರೆಯುತ್ತಿದ್ದಳು. ಅವನಿಗೆ ಉಣ್ಣಿಸುತ್ತ, ಎಣ್ಣೆ ಹಚ್ಚುತ್ತ, ಬೈಯುತ್ತ ಮಾತಾಡಿದ್ದೆಲ್ಲ ಅವಳ ಕನ್ನಡದಲ್ಲಿ. ನನ್ನ ತಾಯಿಯ ಭಾಷೆಯನ್ನು ನಾನು ಸ್ಕೂಲಿಗೆ ಹೋಗಿ, ಮೇಷ್ಟ್ರ ಹತ್ತಿರ, ಪುಸ್ತಕ ಇಟ್ಟುಕೊಂಡು ಕಲಿತೆ. ಅದಕ್ಕೇ ನನ್ನ ಕನ್ನಡ ಇಷ್ಟು ಶುದ್ಧವಾಗಿರುವುದು.

ಭಾನುವಾರ ಅವಳು ಹಳ್ಳಿಗೆ ಬರುತ್ತಿದ್ದಳು. ಬಂಗಲೆಯ ಸೋಪಿನ ವಾಸನೆ. ನನ್ನನ್ನು ತೊಡೆಯ ಮೇಲೆ ಕೂರಿಸಿಕೊಂಡು, "ದೇನಪ್ಪ ಇವತ್ತು ಏನ್ ಮಾಡ್ದ ಗೊತ್ತಾ?" ಎಂದು ಶುರು ಮಾಡುತ್ತಿದ್ದಳು. ದೇನಪ್ಪ ಕುದುರೆ ಹತ್ತಿದ, ದೇನಪ್ಪ ಬಿದ್ದ, ದೇನಪ್ಪ ಸೊಪ್ಪಿನ ಸಾರು ಬೇಕು ಅಂತ ಅತ್ತ. ನಾನು ಕೇಳುತ್ತಿದ್ದೆ. ಇಡೀ ವಾರ ನಾನು ಏನು ಮಾಡಿದೆ ಎಂದು ಅವಳು ಕೇಳುವಷ್ಟರಲ್ಲಿ ವಾಪಸು ಹೋಗುವ ಹೊತ್ತಾಗುತ್ತಿತ್ತು. ಕ್ಷಮಿಸಿ, ಡೆನಿಸ್ ಅವರನ್ನು ಅವರು ಎನ್ನಬೇಕಾದಲ್ಲಿ ಅವನು ಎಂದುಬಿಟ್ಟೆ. ಅಧ್ಯಕ್ಷರ ಅಪ್ಪಣೆಯಾದರೆ ಇನ್ನು ಮುಂದೆ ಹಾಗೆಯೇ ಹೇಳುತ್ತೇನೆ. ನಾವಿಬ್ಬರೂ ಒಂದೇ ವರ್ಷದವರು. ಸ್ಕೂಲಿನ ಹುಡುಗರು ಅವನ ಮನೆತನದ ಹೆಸರನ್ನು ಮೊಟಕು ಮಾಡಿ "ಪೆಂಗ, ಪೆಂಗ" ಎಂದು ಕೂಗಿದರೆ ಅವ್ವ ಕಲ್ಲು ತೆಗೆದುಕೊಂಡು ಓಡಿಸುತ್ತಿದ್ದಳಂತೆ. ನನ್ನನ್ನೂ ಹುಡುಗರು ಬೇಕಾದಷ್ಟು ಹೆಸರಿಟ್ಟು ಕೂಗುತ್ತಿದ್ದರು.

ಡೆನಿಸ್‌ಗೆ ಹತ್ತು ವರ್ಷವಾದಾಗ ಗಣಿ ಸರ್ಕಾರದ ಕೈಗೆ ಬಂತು. ನಮಗೆ ಅದು ಸಂತೋಷದ ಸುದ್ದಿ. ಅವನ ತಂದೆಗೆ ಕೆಲಸ ಹೋದ ಸುದ್ದಿ. ಮನೆಮಂದಿಯೆಲ್ಲ ಹಡಗು ಹತ್ತಿದರು. ಊರಿಗಾಂ ಸ್ಟೇಷನ್ನಿನಲ್ಲಿ ಅವನು ಅವ್ವನ ಸೆರಗು ಬಿಡಲಿಲ್ಲ. ಅವನ ತಂದೆ ಬೆರಳು ಬಿಡಿಸಿ ರೈಲಿಗೆ ಹತ್ತಿಸಿದರು. ಆಮೇಲೆ ಅವ್ವ ಹಳ್ಳಿಗೆ ಬಂದಳು, ಪೂರ್ತಿಯಾಗಿ ಬಂದಳು. ನಾನು ಎಷ್ಟು ಆಸೆಯಿಂದ ಕಾದಿದ್ದೆ. ಬಂದವಳು ಎಷ್ಟೋ ತಿಂಗಳು ಗೋಡೆ ಕಡೆ ತಿರುಗಿ ಮಲಗಿರುತ್ತಿದ್ದಳು. ಅಜ್ಜಿ "ಸತ್ತವರಿಗೂ ಇಷ್ಟು ಅಳೋದಿಲ್ಲ" ಎನ್ನುತ್ತಿದ್ದಳು.

ಇರಲಿ. ವಿಷಯಕ್ಕೆ ಬರುತ್ತೇನೆ.

ಇಂಗ್ಲೆಂಡಿನಲ್ಲಿ ಆ ಕುಟುಂಬಕ್ಕೆ ಇಲ್ಲಿಯ ದೊರೆತನ ಏನೂ ಉಳಿಯಲಿಲ್ಲ. ಒಂದು ಸಣ್ಣ ಬಾಡಿಗೆ ಮನೆ. ತಾಯಿಗೆ ಒಲೆ ಹಚ್ಚುವುದು ಗೊತ್ತಿರಲಿಲ್ಲ. ತಂದೆ ಒಂದು ಉಗ್ರಾಣದಲ್ಲಿ ಗುಮಾಸ್ತ. ಸಂಜೆ ಕುಡಿದು ಕೂತು, "ನನ್ನ ಪಂಪುಗಳು, ನನ್ನ ಪಂಪುಗಳು" ಎನ್ನುತ್ತಿದ್ದರಂತೆ. ಸರ್ಕಾರದ ಕೈಗೆ ಹೋದದ್ದು ಯಾವುದೂ ಉಳಿಯುವುದಿಲ್ಲ ಎಂಬುದೊಂದೇ ಮಾತನ್ನು ಆ ಹುಡುಗ ದಿನವೂ ಊಟದ ಜೊತೆ ಕೇಳಿಸಿಕೊಂಡ. ಒಬ್ಬ ಮನುಷ್ಯನ ರಾಜಕೀಯ ಎಲ್ಲಿ ಹುಟ್ಟುತ್ತದೆ? ಪುಸ್ತಕದಲ್ಲಿ ಹುಟ್ಟುತ್ತದೆ ಎಂದು ನಾನು ಮಕ್ಕಳಿಗೆ ಪಾಠ ಹೇಳುತ್ತಿದ್ದೆ. ಈಗ ಹಾಗೆ ಹೇಳುವುದಿಲ್ಲ.

ಓದು ಬಿಟ್ಟು ಪಂಪು ಮಾರುವವನ ಹತ್ತಿರ ಕೆಲಸಕ್ಕೆ ಸೇರಿದ. ತಂದೆಯಿಂದ ಬಂದ ಕೈ. ಹಳೆಯ ಪಂಪುಗಳನ್ನು ಕೊಂಡು, ರಿಪೇರಿ ಮಾಡಿ ಬಾಡಿಗೆಗೆ ಬಿಟ್ಟ. ಅಲ್ಲಿ ಕಲ್ಲಿದ್ದಲು ಗಣಿಗಳು. ನಿಮಗೆ ನಾನು ಹೇಳಬೇಕಾಗಿಲ್ಲ, ಗಣಿ ಎಂದರೆ ನೀರು. ದಿನವೂ ಎತ್ತದಿದ್ದರೆ ತುಂಬಿಕೊಳ್ಳುತ್ತದೆ. ಮೂವತ್ತೈದು ತುಂಬುವುದರೊಳಗೆ ಅವನ ಕಂಪನಿಯ ಪಂಪು ಇಲ್ಲದ ಗಣಿ ಆ ಸೀಮೆಯಲ್ಲಿ ಅಪರೂಪವಾಯಿತು. ಸ್ವಂತ ಮನೆ, ಕಾರು, ಹೆಂಡತಿ. ಮಕ್ಕಳಾಗಲಿಲ್ಲ. ಕನ್ಸರ್ವೇಟಿವ್ ಪಕ್ಷ ಸೇರಿದ. ತಾನೇ ದುಡಿದು ಮೇಲೆ ಬಂದ ಮನುಷ್ಯ, ಮಾತು ಬಲ್ಲ ಮನುಷ್ಯ. ಟಿಕೆಟ್ ಕೊಟ್ಟರು. ಗಣಿ ಕೆಲಸಗಾರರೇ ತುಂಬಿದ ಒಂದು ಊರಿನಿಂದ ಸ್ವಲ್ಪದರಲ್ಲಿ ಗೆದ್ದು ಸಂಸತ್ತಿಗೆ ಹೋದ. ಚುನಾವಣೆ ಭಾಷಣದಲ್ಲಿ, "ನಾನು ಗಣಿಯ ಮಗ" ಎಂದು ಹೇಳಿದನಂತೆ. ಜನ ನಂಬಿದರು. ಅವನೂ ನಂಬಿದ್ದ.

ಆಮೇಲೆ ಅವನ ಪಕ್ಷದ ಸರ್ಕಾರ ನಷ್ಟದ ಗಣಿಗಳನ್ನು ಮುಚ್ಚಲು ಹೊರಟಿತು. ಕೆಲಸಗಾರರು ಮುಷ್ಕರ ಹೂಡಿದರು. ಡೆನಿಸ್ ಸರ್ಕಾರದ ಪರವಾಗಿ ಕೈಯೆತ್ತಿದ. ಒಂದು ಸಲ ಅಲ್ಲ, ಕೇಳಿದಾಗಲೆಲ್ಲ ಎತ್ತಿದ. ಅವನ ಸ್ವಂತ ಕ್ಷೇತ್ರದ ಗಣಿಗಳು ಒಂದಾದ ಮೇಲೊಂದು ಮುಚ್ಚಿದವು. ಲಂಚಕ್ಕಾಗಿ ಅಲ್ಲ, ಹೆದರಿ ಅಲ್ಲ. ಅದು ಸರಿ ಎಂದು ನಂಬಿ ಮಾಡಿದ. ಮುಚ್ಚಿದ ಗಣಿಗೆ ಪಂಪು ಯಾರಿಗೆ ಬೇಕು? ಅವನ ಕಂಪನಿಯೂ ಸೊರಗುತ್ತ ಬಂತು. ಆದರೂ ಕೈ ಇಳಿಸಲಿಲ್ಲ.

ಆ ಕಾಲದಲ್ಲೇ ಅವನು ಇಲ್ಲಿಗೆ ಬಂದದ್ದು. ಹಿರಿಯರಿಗೆ ನೆನಪಿರಬಹುದು. ತೊಂಬತ್ತಮೂರನೆಯ ಇಸವಿ. ಯಾವುದೋ ವ್ಯಾಪಾರ ನಿಯೋಗದ ಜೊತೆ ಬೆಂಗಳೂರಿಗೆ ಬಂದವನು ಒಂದು ದಿನ ಬಿಡುವು ಮಾಡಿಕೊಂಡು ಊರಿಗಾಂಗೆ ಬಂದ. ಕ್ಲಬ್ಬಿನಲ್ಲಿ ಸನ್ಮಾನ. ಗಂಧದ ಹಾರ, ಮೈಸೂರು ಪೇಟ. ಇಂಗ್ಲಿಷಿನಿಂದ ಕನ್ನಡಕ್ಕೆ ಹೇಳಲು ನನ್ನನ್ನು ಕರೆಸಿದ್ದರು. ಅವ್ವನನ್ನು ನಾನೇ ಬಸ್ಸಿನಲ್ಲಿ ಕರೆತಂದೆ. ಹೊಸ ಸೀರೆ ಉಡಿಸಿ, ಮುಂದಿನ ಸಾಲಿನಲ್ಲಿ ಕೂರಿಸಿದೆ.

ಅವನು ವೇದಿಕೆ ಹತ್ತಿದ. ಕೋಟು, ಟೈ, ಕೆಂಪು ಮುಖ. ದೊಡ್ಡ ಅಧಿಕಾರಿಯೊಬ್ಬರು ಕೈ ಮುಗಿದರು. ಇವನು ಅವರ ಭುಜ ತಟ್ಟಿ ಮೈಕಿನಲ್ಲಿಯೇ ಕೇಳಿದ. "ಏನ್ಲಾ, ಎಂಗಿದ್ದೀಯಾ? ಉಂಡ್ಯಾ?"

ಅಧಿಕಾರಿ ಕಣ್ಣರಳಿಸಿ ನನ್ನ ಕಡೆ ನೋಡಿದರು. ಆಮೇಲೆ ನಗು, ಚಪ್ಪಾಳೆ. ಅವನಿಗೆ ಅದರಲ್ಲಿ ತಪ್ಪು ಏನೆಂದು ತಿಳಿಯಲಿಲ್ಲ. ಅವನ ಕನ್ನಡ ಹತ್ತನೆಯ ವಯಸ್ಸಿಗೆ ನಿಂತುಹೋಗಿತ್ತು. ಐವತ್ತರ ಹತ್ತಿರದ ಪಾರ್ಲಿಮೆಂಟ್ ಸದಸ್ಯ ನಮ್ಮ ಹಳ್ಳಿ ಹುಡುಗನ ಹಾಗೆ ಮಾತಾಡುತ್ತಿದ್ದ. ಎಲ್ಲರೂ ನಗುತ್ತಿದ್ದರು. ನನಗೆ ನಗು ಬರಲಿಲ್ಲ. ಅದು ನನ್ನ ಅವ್ವನ ದನಿ. ಅದೇ ಎಳೆತ, ಅದೇ ಏರಿಳಿತ.

ಅವ್ವನ ಹತ್ತಿರ ಬಂದು ಮಂಡಿಯೂರಿ ಕೂತ. ಅವಳು ಎರಡೂ ಕೈಯಲ್ಲಿ ಅವನ ಕೆನ್ನೆ ಹಿಡಿದು ನೋಡಿದಳು. ಆ ಮೈಕಟ್ಟಿನ ಮನುಷ್ಯನನ್ನು ನೋಡಿ, "ಎಷ್ಟು ಬಡವಾಗ್ಬುಟ್ಟೆ ಕಣಪ್ಪ" ಎಂದಳು. ಆಮೇಲೆ ಕೇಳಿದಳು, "ದೇನಪ್ಪ, ಒಂದ್ಸಲ ನಿನ್ನೂರ್ಗೆ ಕರ್ಕೊಂಡು ಓಗ್ತೀಯಾ? ನೋಡ್ಕೊಂಡು ಬತ್ತೀನಿ, ಇರಾಕಲ್ಲ."

ಅವನು ಅವಳ ಕೈಗೆ ಮುತ್ತಿಟ್ಟು ನಕ್ಕ. "ಬ್ಯಾಡ ಅವ್ವ. ಅಲ್ಲಿ ಬಲೇ ಚಳಿ."

ಎಲ್ಲರೂ ನಕ್ಕರು, ಅವ್ವನೂ ನಕ್ಕಳು. ಇಂಗ್ಲೆಂಡಿಗೆ ಹೊರಗಿನವರು ಇಷ್ಟೊಂದು ಜನ ಬರಬಾರದು ಎಂದು ಹೇಳುತ್ತಿದ್ದ ಪಕ್ಷ ಅವನದು. ಪತ್ರಿಕೆ ಓದುವ ನಾನೊಬ್ಬನೇ ಆ ನಗುವಿನಲ್ಲಿ ಸೇರಲಿಲ್ಲ.

ಮಧ್ಯಾಹ್ನ ಗಣಿಗೆ ಇಳಿಯುವ ನಂದಿದುರ್ಗ ಶಾಫ್ಟಿನ ಹತ್ತಿರ ಕಾರ್ಮಿಕರ ಸಭೆ. ನಮ್ಮ ಗಣಿಯೂ ನಷ್ಟದಲ್ಲಿದೆ, ಮುಚ್ಚುತ್ತಾರೆ ಎಂಬ ಮಾತು ಹಬ್ಬಿತ್ತು. ಇಂಗ್ಲೆಂಡಿನ ಎಂ.ಪಿ. ದೆಹಲಿಗೆ ಒಂದು ಮಾತು ಹೇಳಿದರೆ ಕೇಳಿಯಾರು ಎಂದು ಜನ ಬಂದಿದ್ದರು. ಕೆಲಸದ ಬಟ್ಟೆಯಲ್ಲೇ ಬಂದಿದ್ದರು. ಡೆನಿಸ್ ಇಂಗ್ಲಿಷಿನಲ್ಲಿ ಮಾತಾಡಿದ, ನಾನು ಕನ್ನಡಕ್ಕೂ ತಮಿಳಿಗೂ ಹೇಳಿದೆ. ಅವನು ಸುತ್ತಿ ಬಳಸಲಿಲ್ಲ. "ಲಾಭವಿಲ್ಲದ ಗಣಿಯನ್ನು ಉಳಿಸಿಕೊಳ್ಳುವುದು ರೋಗಿಗೆ ಸುಳ್ಳು ಹೇಳಿದ ಹಾಗೆ. ಬೇಗ ಮುಚ್ಚಿದಷ್ಟೂ ನೋವು ಕಡಿಮೆ. ನನ್ನ ಸ್ವಂತ ಕ್ಷೇತ್ರದಲ್ಲೇ ಮುಚ್ಚಿಸಿದ್ದೇನೆ" ಎಂದ. ನಾನು ಅಕ್ಷರ ಬಿಡದೆ ಅದನ್ನು ಹೇಳಿದೆ.

ಸೆಲ್ವರಾಜ್ ಎಂಬ ಕಾರ್ಮಿಕ ಎದ್ದು ನಿಂತ. ಊರಿಗಾಂನ ಕಾರ್ಮಿಕರ ಲೈನ್ ಮನೆಯವನು, ಅಪ್ಪ, ತಾತ ಎಲ್ಲರೂ ನೆಲದಡಿ ಇಳಿದವರು. ಕನ್ನಡದಲ್ಲೇ ಕೇಳಿದ. "ದೊರೈ, ನೀವು ಮುಚ್ಚಿದ್ರಲ್ಲ, ಆ ಊರು ಜನ ಈಗ ಏನ್ ಮಾಡ್ತಾವ್ರೆ?"

ಡೆನಿಸ್‌ಗೆ ಪ್ರಶ್ನೆ ಅರ್ಥವಾಯಿತು, ನಾನು ಹೇಳಬೇಕಾಗಲಿಲ್ಲ. ಹೊಸ ಕಾರ್ಖಾನೆ ಬರುತ್ತವೆ, ಮನುಷ್ಯ ಕೆಲಸ ಇರುವ ಕಡೆಗೆ ಹೋಗುತ್ತಾನೆ ಎಂದು ಏನೋ ಹೇಳಿದ. ಸೆಲ್ವರಾಜ್, "ಅದಲ್ಲ ದೊರೈ, ಈಗ ಏನ್ ಮಾಡ್ತಾವ್ರೆ ಅಂತ ಕೇಳ್ದೆ" ಎಂದ. ಡೆನಿಸ್ ಗಡಿಯಾರ ನೋಡಿದ. ಕಾರು ಬಂತು.

ಸಭಿಕರೇ, ಮುಂದಿನದು ನಿಮಗೆ ಗೊತ್ತಿರುವ ಕಥೆ. ಎರಡು ಸಾವಿರದ ಒಂದರಲ್ಲಿ ನಮ್ಮ ಗಣಿಯೂ ಮುಚ್ಚಿತು. ಪಂಪು ನಿಂತವು. ನೀರು ಮೇಲಕ್ಕೆ ಏರಿತು. ಸೆಲ್ವರಾಜ್ ಬೆಂಗಳೂರಿನ ಒಂದು ಅಪಾರ್ಟ್‌ಮೆಂಟಿನಲ್ಲಿ ವಾಚ್‌ಮನ್ ಆದ. ನೆಲದಡಿ ಬಂಡೆ ಒಡೆದವನು ಇನ್ನೊಬ್ಬರ ಕಾರಿಗೆ ಗೇಟು ತೆಗೆದು ಸಲ್ಯೂಟ್ ಹೊಡೆದ. ನಮ್ಮ ಊರಿನ ರೈಲು ನಿಮಗೆ ಗೊತ್ತು. ಬೆಂಗಳೂರಿಗೆ ಹೋಗುವಾಗಲೂ ಬರುವಾಗಲೂ ಎಲ್ಲರೂ ಕೂತಲ್ಲೇ ನಿದ್ದೆ. ಒಂದು ಬೆಳಗ್ಗೆ ಕೆಲಸ ಮುಗಿಸಿ ಬರುವಾಗ ಸೆಲ್ವರಾಜ್ ಕಿಟಕಿಗೆ ತಲೆ ಆನಿಸಿ ಕೂತಿದ್ದ. ಬಂಗಾರಪೇಟೆ ದಾಟಿತು, ಊರಿಗಾಂ ದಾಟಿತು. ಅವನ ಸ್ಟೇಷನ್ ಬಂತೆಂದು ಯಾರೂ ಎಬ್ಬಿಸಲಿಲ್ಲ, ಪಾಪ ಮಲಗಲಿ ಎಂದರು. ಮಾರಿಕುಪ್ಪಂನಲ್ಲಿ ರೈಲು ಗುಡಿಸುವವರು ಮುಟ್ಟಿ ನೋಡಿದಾಗ ಮೈ ತಣ್ಣಗಾಗಿತ್ತು. ಯಾವ ಸ್ಟೇಷನ್ನಿನಲ್ಲಿ ಜೀವ ಹೋಯಿತೋ ಯಾರಿಗೂ ತಿಳಿಯದು.

ಅದಕ್ಕೂ ಮುಂಚೆಯೇ ಅವ್ವ ತೀರಿಕೊಂಡಿದ್ದಳು. ಇದನ್ನು ಹೇಳಬೇಕೆಂದು ಬಂದಿರಲಿಲ್ಲ. ಕಡೆಯ ದಿನಗಳಲ್ಲಿ ಅವಳಿಗೆ ಕಣ್ಣು ಮಂಜು. ನಾನು ಗಂಜಿ ಕುಡಿಸಲು ಹತ್ತಿರ ಕೂತೆ. ಮುಖ ತಡವಿ, "ದೇನಪ್ಪ, ಬಂದ್ಯಾ?" ಎಂದಳು. ಅವಳ ಜೊತೆ ಎಷ್ಟೋ ವರ್ಷ ಇದ್ದವನು ನಾನು. ಅವಳ ಬಟ್ಟೆ ಒಗೆದವನು ನಾನು. ಏನು ಹೇಳಲಿ? "ಬಂದೆ ಅವ್ವ" ಎಂದೆ. ಪೂರ್ತಿ ಲೋಟ ಗಂಜಿ ಕುಡಿದಳು.

ಅಧ್ಯಕ್ಷರು ನೀರು ಕೊಟ್ಟರು, ಧನ್ಯವಾದ.

ಅತ್ತ ಡೆನಿಸ್ ಚುನಾವಣೆಯಲ್ಲಿ ಸೋತ. ಠೇವಣಿ ಉಳಿಯಿತು ಎನ್ನುವುದೊಂದೇ ಸಮಾಧಾನ. ಕಂಪನಿ ಮಾರಿದ. ಹೆಂಡತಿ ಬಿಟ್ಟುಹೋದಳು. ಪಕ್ಷ ಮರೆತುಬಿಟ್ಟಿತು. ವಯಸ್ಸಾದ ಮೇಲೆ, ಮಾಡಲು ಕೆಲಸವಿಲ್ಲದೆ, ಒಂದು ದಿನ ಕಾರು ತೆಗೆದುಕೊಂಡು ತನ್ನ ಹಳೆಯ ಕ್ಷೇತ್ರಕ್ಕೆ ಹೋದನಂತೆ. ಆ ಊರಿನ ಬೀದಿಯಲ್ಲಿ ನಡೆದ. ಅಂಗಡಿಗಳಿಗೆ ಹಲಗೆ ಬಡಿದಿತ್ತು. ಗಂಡಸರು ಬಾಗಿಲಲ್ಲಿ ಸುಮ್ಮನೆ ನಿಂತಿದ್ದರು. ಅವರ ಮಕ್ಕಳು ಯಾವುದೋ ಮತ್ತಿನ ಔಷಧಿಗೆ ಬಿದ್ದಿದ್ದರು. ಗುರುತು ಹಿಡಿದು ಯಾರಾದರೂ ಬೈಯುತ್ತಾರೆ ಎಂದು ಅವನು ಕಾದ. ಯಾರೂ ಬೈಯಲಿಲ್ಲ. ಅವನನ್ನು ಯಾರೂ ಗುರುತಿಸಲೇ ಇಲ್ಲ.

ಎರಡು ಸಾವಿರದ ಹನ್ನೆರಡರಲ್ಲಿ ಒಂದು ಸೂಟ್‌ಕೇಸ್ ಹಿಡಿದು ಬಂಗಾರಪೇಟೆಯ ನನ್ನ ಮನೆ ಬಾಗಿಲಿಗೆ ಬಂದ. ಮುದುಕ. ಕೋಟು ಸಡಿಲವಾಗಿತ್ತು. "ಅವ್ವ ಎಲ್ಲವ್ಳೆ?" ಎಂದ. ಹೇಳಿದೆ. ಬಾಗಿಲಲ್ಲೇ ಕೂತುಬಿಟ್ಟ. ಆಮೇಲೆ ತಲೆ ಎತ್ತಿ, "ಅವತ್ತು ಶಾಫ್ಟಿನ ಹತ್ರ ಕೇಳ್ದನಲ್ಲ, ಅವ್ನು ಎಲ್ಲವ್ನೆ? ಅವ್ನಿಗೆ ಜವಾಬು ಏಳ್ಬೇಕು" ಎಂದ.

ಅದಕ್ಕೇ ಬಂದಿದ್ದ. ಹತ್ತೊಂಬತ್ತು ವರ್ಷ ಕಳೆದ ಮೇಲೆ, ಸಮುದ್ರ ದಾಟಿ, ಒಂದು ಜವಾಬು ಹೇಳಲು ಬಂದಿದ್ದ.

ಊರಿಗಾಂ ಲೈನಿಗೆ ಕರೆದುಕೊಂಡು ಹೋದೆ. ಸೆಲ್ವರಾಜನ ಹೆಂಡತಿ ಅಂಬಿಕ ಕೊಳಾಯಿ ಹತ್ತಿರ ಬಿಂದಿಗೆ ಇಟ್ಟುಕೊಂಡು ನಿಂತಿದ್ದಳು. ಗಂಡ ಸತ್ತ ವಿಷಯ ಅವಳೇ ಹೇಳಿದಳು. ಡೆನಿಸ್ ಅವಳ ಮುಂದೆ ಕೈ ಕಟ್ಟಿ ನಿಂತು ಹೇಳಿದ. "ನಿನ್ನ ಗಂಡ ನನ್ನನ್ನ ಒಂದು ಮಾತು ಕೇಳಿದ್ದ. ಆ ಊರು ಜನ ಏನ್ ಮಾಡ್ತಾವ್ರೆ ಅಂತ. ಏನೂ ಮಾಡ್ತಾ ಇಲ್ಲ ಕಣಮ್ಮ. ನಾನು ಓಗಿ ನೋಡ್ದೆ. ಏನೂ ಮಾಡ್ತಾ ಇಲ್ಲ."

ಅಂಬಿಕ ಬಿಂದಿಗೆ ಸೊಂಟಕ್ಕೆ ಏರಿಸಿಕೊಂಡಳು. "ಇದನ್ನ ಹೇಳೋಕೆ ಅಷ್ಟು ದೂರದಿಂದ ಬರಬೇಕಾ ದೊರೈ? ನಮ್ಮ ಬೀದಿ ನೋಡಿದ್ರೆ ತಿಳೀತಿತ್ತಲ್ಲ" ಎಂದು ಒಳಗೆ ಹೋದಳು.

ಅವನು ವಾಪಸು ಹೋಗಲಿಲ್ಲ. ಎಲ್ಲಿಗೆ ಹೋಗುತ್ತಾನೆ? ಆಂಡರ್ಸನ್‌ಪೇಟೆಯಲ್ಲಿ ಒಂದು ಮನೆ ಬಾಡಿಗೆಗೆ ಹಿಡಿದ. ಅಡುಗೆಗೆ ಅಂಬಿಕಳನ್ನೇ ಕೇಳಿದ. ಕೆಲಸ ಕೆಲಸವೇ ಎಂದು ಅವಳು ಒಪ್ಪಿದಳು. ನಾನು ವಾರಕ್ಕೊಂದು ಸಲ ಬಸ್ಸು ಹತ್ತಿ ಹೋಗುತ್ತಿದ್ದೆ. ಜಗಲಿಯ ಮೇಲೆ ಇಬ್ಬರೂ ಕೂರುತ್ತಿದ್ದೆವು. ಅವನು ಅವ್ವನ ಸುದ್ದಿ ಕೇಳುತ್ತಿದ್ದ, ನಾನು ಹೇಳುತ್ತಿದ್ದೆ. ನಾನೂ ಕೇಳುತ್ತಿದ್ದೆ, ಅವಳು ಚಿಕ್ಕ ವಯಸ್ಸಿನಲ್ಲಿ ಹೇಗಿದ್ದಳು ಎಂದು. ಅದು ಅವನಿಗೆ ಮಾತ್ರ ಗೊತ್ತಿತ್ತು.

ಸಂಜೆ, ಚಿನ್ನ ಸೋಸಿ ಉಳಿದ ಪುಡಿ ಗುಡ್ಡೆಯಾಗಿರುವ ಸೈನೈಡ್ ದಿಬ್ಬದ ಕಡೆ ನಡೆದು ಹೋಗಿ, ಮುಚ್ಚಿದ ಶಾಫ್ಟಿನ ಬೇಲಿ ಹಿಡಿದು ನಿಲ್ಲುವುದು ಅವನಿಗೆ ಅಭ್ಯಾಸವಾಯಿತು. ಯಾರೋ ಕೇಳಿದರು, ದೊರೆ ಏನು ನೋಡುತ್ತಿದ್ದಾರೆ ಎಂದು. ಇನ್ಯಾರೋ ಹೇಳಿದರು, ಪಂಪಿನ ಕಂಪನಿ ಇದ್ದ ದೊರೆ, ನೀರು ತೆಗೆಸೋಕೆ ಬಂದವ್ರೆ ಎಂದು. ಮೂರು ದಿನದಲ್ಲಿ ಸುದ್ದಿ ಬಂಗಾರಪೇಟೆ ಮುಟ್ಟಿತು. ದೊರೆ ಮೈನ್ಸ್ ತೆಗೀತಾರೆ.

ಇಲ್ಲಿ ಕೂತಿರುವ ಹಿರಿಯರೇ, ನಿಮ್ಮಲ್ಲಿ ಎಷ್ಟೋ ಜನ ಅಂದು ಅವನ ಗೇಟಿನ ಮುಂದೆ ನಿಂತಿದ್ದಿರಿ. ಕೆಲವರು ಹಳೆಯ ಹೆಲ್ಮೆಟ್ ಕೈಯಲ್ಲಿ ಹಿಡಿದಿದ್ದಿರಿ. ನಾನು ಜಗಲಿಯ ಮೇಲಿದ್ದೆ. ಕಾರ್ಮಿಕರ ಮುಖದ ಮೇಲೆ ಆ ಬೆಳಕನ್ನು ನಾನು ನೋಡಿ ಎಷ್ಟು ವರ್ಷವಾಗಿತ್ತೋ. ಒಬ್ಬರು ಕೇಳಿದರು, "ಆಗ್ತದಾ ದೊರೈ?" ಡೆನಿಸ್ ಎದ್ದು ನಿಂತ. ಒಂದೊಂದೇ ಮುಖ ನೋಡಿದ. "ನೋಡೋಣ" ಎಂದ.

ಯಾವ ದೇಶದ ರಾಜಕಾರಣಿಯೂ ಮರೆಯದ ಮಾತು ಅದು. ಹಾಗೆಂದು ಪಾಪ ಅವನು ಓಡಾಡದೆ ಇರಲಿಲ್ಲ. ಬೆಂಗಳೂರಿಗೆ ಹೋದ, ದೆಹಲಿಗೆ ಹೋದ. ಕಚೇರಿಗಳಲ್ಲಿ ಟೀ ಕೊಟ್ಟು ಕಳಿಸಿದರು. ಪ್ರತಿ ಸಲ ಬಂದಾಗಲೂ ಗೇಟಿನಲ್ಲಿ ಜನ. ಪ್ರತಿ ಸಲವೂ ನೋಡೋಣ.

ಅಂಬಿಕಳ ಮಗ ಸುಬ್ರಮಣಿ ಬೆಂಗಳೂರಿನ ಒಂದು ಗೋಡೌನಿನಲ್ಲಿ ಪಾರ್ಸೆಲ್ ಕಟ್ಟುವ ಕೆಲಸ ಮಾಡುತ್ತಿದ್ದ. ಅಪ್ಪ ಸತ್ತ ರೈಲಿನಲ್ಲೇ ದಿನವೂ ಹೋಗಿ ಬರುವುದು. ಅವನು ಕೆಲಸ ಬಿಟ್ಟ. ನಾನು ಬೈದೆ. "ನಮ್ಮಮ್ಮ ಅಡುಗೆ ಮಾಡೋ ಮನೆ ದೊರೆ ಸಾರ್, ನನ್ನೇ ಮೊದಲು ಕೆಲಸಕ್ಕೆ ತಗೋತಾರೆ. ಈ ರೈಲು ನನಗೆ ಸಾಕಾಗೋಯ್ತು" ಎಂದ. ಮನೆಯಲ್ಲಿ ಅಪ್ಪನ ಗಣಿ ಬೂಟು ಹೊರಗೆ ತೆಗೆದು ಎಣ್ಣೆ ಹಚ್ಚಿದನಂತೆ. ಒಂದು ವರ್ಷ ಕಾದ. ಹುಡುಗಿ ನೋಡಿದ್ದರು, ಗಣಿ ತೆಗೆಯಲಿ ಆಮೇಲೆ ಮದುವೆ ಎಂದ. ಹುಡುಗಿ ಮನೆಯವರು ಬೇರೆ ಕಡೆ ಕೊಟ್ಟರು.

ಕೊನೆಗೆ ಒಂದು ಮಧ್ಯಾಹ್ನ ಸುಬ್ರಮಣಿ ಜಗಲಿಗೆ ಬಂದು ನಿಂತು, "ಒಂದು ಮಾತು ಹೇಳಿಬಿಡಿ ದೊರೈ" ಎಂದ. ಅಂಬಿಕ ಒಳಗೆ ಸಾರಿಗೆ ಒಗ್ಗರಣೆ ಹಾಕುತ್ತಿದ್ದವಳು ಬಂದು ಬಾಗಿಲಲ್ಲಿ ನಿಂತಳು. ಡೆನಿಸ್ ಹೇಳಿದ. "ಆಗಲ್ಲ ಕಣ್ಲಾ. ಕೆಳಗೆ ಗಣಿಯೆಲ್ಲ ಒಂದಕ್ಕೊಂದು ಸೇರ್ಕೊಂಡೈತೆ. ಆ ನೀರು ಎತ್ತೋ ಪಂಪು ಈ ಲೋಕ್ದಲ್ಲಿಲ್ಲ."

"ಇದು ಯಾವಾಗ ಗೊತ್ತಾಯ್ತು?"

ಡೆನಿಸ್ ನನ್ನ ಕಡೆ ನೋಡಿದ, ಆಮೇಲೆ ನೆಲ ನೋಡಿದ. "ಮೊದಲ್ನೇ ದಿನಾನೇ ಗೊತ್ತಿತ್ತು. ಬೇಲಿ ಹತ್ರ ನಿಂತಾಗ್ಲೇ."

"ಮತ್ಯಾಕೆ ನೋಡೋಣ ಅಂದ್ರಿ?"

"ನೀವೆಲ್ಲ ಬಂದ್ರಲ್ಲ ಗೇಟಿಗೆ. ಅಂಗೆ ನನ್ನ ಯಾರಾದ್ರೂ ನೋಡಿ ಬಾಳ ವರ್ಷ ಆಗಿತ್ತು."

ಸುಬ್ರಮಣಿ ಹೊಡೆಯುತ್ತಾನೆ ಎಂದುಕೊಂಡೆ. ಹೊಡೆಯಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಹೊರಟ. ಆ ವಾರವೇ ಊರು ಬಿಟ್ಟ. ಹೊಸೂರು ಎಂದರು ಕೆಲವರು, ತಿರುಪ್ಪೂರು ಎಂದರು ಇನ್ನು ಕೆಲವರು. ತಾಯಿಗೆ ಮೊದಮೊದಲು ಫೋನು ಬರುತ್ತಿತ್ತು, ಆಮೇಲೆ ಆ ನಂಬರು ಹೋಗುತ್ತಿರಲಿಲ್ಲ.

ಅಂಬಿಕ ಮರುದಿನವೂ ಅಡುಗೆಗೆ ಬಂದಳು. ನನಗೆ ತಡೆಯಲಾಗಲಿಲ್ಲ. "ಈ ಮನುಷ್ಯನಿಗೆ ಇನ್ನೂ ಬಡಿಸ್ತೀಯಲ್ಲಮ್ಮ" ಎಂದೆ. ಅವಳು, "ಇನ್ನೆಲ್ಲಿಗೆ ಹೋಗಲಿ ಅಣ್ಣಾ? ಬೇರೆ ಮನೆ ತೋರ್ಸಿ, ಹೋಗ್ತೀನಿ" ಎಂದಳು. ನಾನು ತೋರಿಸುವಂಥ ಮನೆ ಇರಲಿಲ್ಲ.

ಆಮೇಲೆ ಗೇಟಿಗೆ ಯಾರೂ ಬರಲಿಲ್ಲ. ಯಾರೂ ಬೈಯಲೂ ಇಲ್ಲ. ಡೆನಿಸ್ ಬೇಲಿಯ ಕಡೆ ಹೋಗುವುದನ್ನೂ ಬಿಟ್ಟ. ಇಂಗ್ಲಿಷು ಮಾತಾಡುವುದನ್ನು ಮೆಲ್ಲಮೆಲ್ಲನೆ ಬಿಟ್ಟ. ಕನ್ನಡ ಹತ್ತು ವರ್ಷದ ಹುಡುಗನದು, ಅದರಲ್ಲಿ ಅವನಿಗೆ ಬೇಕಾದ ಮಾತುಗಳು ಇರಲಿಲ್ಲ. ಹಸಿವು, ಚಳಿ, ನಿದ್ದೆ ಹೇಳಬಹುದಿತ್ತು. ಇನ್ನು ಉಳಿದದ್ದನ್ನು ಹೇಳುವುದಕ್ಕೆ ಬರುತ್ತಿರಲಿಲ್ಲ. ಹಾಗೆಯೇ ಎಷ್ಟೋ ವರ್ಷ ಕೂತಿದ್ದ. ಹೋದ ವರ್ಷ ತೀರಿಕೊಂಡ. ನ್ಯುಮೋನಿಯಾ ಎಂದರು ಡಾಕ್ಟರು. ಇಂಗ್ಲೆಂಡಿಗೆ ಫೋನ್ ಮಾಡಿದೆ. ಹಳೆಯ ಪಕ್ಷದ ಕಚೇರಿಯವರು ಹೆಸರಿನ ಅಕ್ಷರ ಒಂದೊಂದಾಗಿ ಹೇಳಿ ಎಂದರು. ಹೇಳಿದೆ. ವಿಷಾದ ವ್ಯಕ್ತಪಡಿಸಿದರು.

ಹೂಳುವಾಗ ಪಾದ್ರಿಗಳು, ನಾನು, ಗುಂಡಿ ತೋಡಿದ ಇಬ್ಬರು, ಅಂಬಿಕ. ಅಷ್ಟೇ. ಗಾಳಿ ಬೀಸುತ್ತಿತ್ತು. ದಿಬ್ಬದ ಬಿಳಿ ಪುಡಿ ಹಾರಿ ಬಂದು ಕಣ್ಣಿಗೆ ಬೀಳುತ್ತಿತ್ತು, ಹಾಗಾಗಿ ಎಲ್ಲರ ಕಣ್ಣಲ್ಲೂ ನೀರಿತ್ತು. ಇಂದು ಈ ಸಭೆಯಲ್ಲಿ ಇಷ್ಟು ಜನ ಇದ್ದೀರಿ. ಚಿತ್ರಕ್ಕೆ ಹಾರ ಹಾಕಿದ್ದೀರಿ. ಹೆಮ್ಮೆಯ ಪುತ್ರ ಎಂದು ಬರೆಸಿದ್ದೀರಿ. ಅವನ ಟ್ರಸ್ಟಿನಿಂದ ಏನಾದರೂ ಬರುತ್ತದೆ ಎಂದು ಕೆಲವರು ನನ್ನನ್ನು ಬಾಗಿಲಲ್ಲೇ ಕೇಳಿದಿರಿ. ಅಂಥ ಟ್ರಸ್ಟ್ ಇಲ್ಲ. ಕ್ಷಮಿಸಿ. ನನಗೆ ಅದನ್ನು ಇಲ್ಲಿಯೇ ಹೇಳಿಬಿಡುವುದು ಒಳ್ಳೆಯದೆನಿಸಿತು.

ಮಣ್ಣು ಹಾಕಿದ ಮೇಲೆ ಅಂಬಿಕ ಗೇಟಿನವರೆಗೆ ನನ್ನ ಜೊತೆ ನಡೆದಳು. ಅತ್ತಿರಲಿಲ್ಲ. ಸೆರಗಿನಿಂದ ಮುಖದ ಪುಡಿ ಒರೆಸಿಕೊಂಡು ಕೇಳಿದಳು. "ಇನ್ನು ಯಾರೂ ಬರಲ್ಲ ಅಲ್ವಾ ಅಣ್ಣಾ?"

ಗಣಿ ತೆಗೆಸುವವರ ವಿಷಯವೋ, ಮಗನ ವಿಷಯವೋ, ನಾನು ಕೇಳಲಿಲ್ಲ. "ಇಲ್ಲಮ್ಮ, ಯಾರೂ ಬರಲ್ಲ" ಎಂದೆ. ಅವಳು ತಲೆ ಆಡಿಸಿ ಊರಿಗಾಂ ಕಡೆ ನಡೆದಳು. ನಾನು ಬಂಗಾರಪೇಟೆ ಬಸ್ಸಿಗೆ ನಿಂತೆ.

ನನಗೆ ಹೇಳಲು ಇದ್ದದ್ದು ಇಷ್ಟು. ಗೊತ್ತುಪಡಿಸಿದ ಹೊತ್ತನ್ನು ಮೀರಿದರೂ ಸುಮ್ಮನಿದ್ದ ಅಧ್ಯಕ್ಷರಿಗೂ, ಊಟದ ಹೊತ್ತು ದಾಟಿದರೂ ಎದ್ದು ಹೋಗದ ನಿಮಗೂ ನಾನು ಋಣಿ. ಮೆಟ್ಟಿಲು ಇಳಿಯುವಾಗ ಯಾರಾದರೂ ಒಬ್ಬರು ಕೈ ಹಿಡಿದುಕೊಳ್ಳಿ, ನನಗೆ ಸರಿಯಾಗಿ ಕಾಣುವುದಿಲ್ಲ. ನಮಸ್ಕಾರ.